ಮಲೆನಾಡಿನ ಮನೆಗೆ ಎರಡು ಗಡಿಯಾರ

ಸಾಗರ ಪೇಟೆಯಿಂದ ಒಂದಿಷ್ಟು ಒಳಗೆ ಹೋದರೆ, ತೋಟದ ತಲೆಯಲ್ಲಿ ಒಂದು ಹೆಂಚಿನ ಮನೆ. ಡಿಸೆಂಬರಿನ ರಾತ್ರಿ ಹತ್ತೂವರೆ. ಜಗಲಿಯ ದೀಪದ ಕೆಳಗೆ ಏಳೆಂಟು ಮಂದಿ ಮೆಟ್ಟುಗತ್ತಿಯ ಮುಂದೆ ಕುಳಿತು ಹಸಿ ಅಡಿಕೆ ಸುಲಿಯುತ್ತಿದ್ದಾರೆ. ಹಗಲು ಕೊನೆಗೌಡ ಇಳಿಸಿದ ಅಡಿಕೆ ಬೆಳಗಾಗುವುದರೊಳಗೆ ಸುಲಿದು ಮುಗಿದು ಬೇಯಿಸುವ ಹಂಡೆಗೆ ಬೀಳಬೇಕು. ಸಣ್ಣಗೆ ಮಾತು, ನಡುನಡುವೆ ನಗು, ಒಲೆಯ ಕಡೆಯಿಂದ ಚೊಗರಿನ ವಾಸನೆ.

ಒಳಗಿನ ಕೋಣೆಯಲ್ಲಿ ಮನೆಯ ಮಗ ಕಂಪ್ಯೂಟರಿನ ಮುಂದೆ ಕುಳಿತಿದ್ದಾನೆ. ಅವನ ಮೀಟಿಂಗ್ ಈಗಷ್ಟೇ ಶುರುವಾಗಿದೆ. ಪರದೆಯ ಆಚೆ ಕ್ಯಾಲಿಫೋರ್ನಿಯಾದಲ್ಲಿ ಬೆಳಗಿನ ಒಂಬತ್ತು ಗಂಟೆ. ಅಲ್ಲಿಯವರು ಆಗ ತಾನೇ ಕಾಫಿ ಕುಡಿದು ಬಂದು ಕೂತಿದ್ದಾರೆ. ಈ ಮನೆಯಲ್ಲಿ ಅಮ್ಮ ಒಂದು ಫ್ಲಾಸ್ಕಿನ ಚಹಾ ಜಗಲಿಗೂ ಇನ್ನೊಂದನ್ನು ಕೋಣೆಗೂ ಇಟ್ಟು ಮಲಗಲು ಹೊರಟಿದ್ದಾಳೆ. ಕೋಣೆಯ ಗೋಡೆಯ ಮೇಲೆ ಎರಡು ಗಡಿಯಾರಗಳಿವೆ. ಒಂದು ಊರಿನದು, ಇನ್ನೊಂದು ಅಮೆರಿಕದ್ದು.

ಸಾಗರ, ಹೊಸನಗರ, ತೀರ್ಥಹಳ್ಳಿ ತಾಲ್ಲೂಕುಗಳಲ್ಲಿ ಇಂಥ ಮನೆಗಳು ಈಗ ಅಪರೂಪವಲ್ಲ. ಕೆಲವು ಮನೆಗಳ ಮಕ್ಕಳು ಹೊರದೇಶದಲ್ಲಿದ್ದಾರೆ. ಇನ್ನು ಕೆಲವರು ಊರಲ್ಲೇ ಇದ್ದು ಹೊರದೇಶದ ಕೆಲಸ ಮಾಡುತ್ತಿದ್ದಾರೆ. ಫೋನು ಎತ್ತಿದ ಕೂಡಲೇ “ಊಟ ಆತನಾ ಮಾಣಿ?” ಎಂದು ಕೇಳುತ್ತಿದ್ದ ಹಿರಿಯರು ಈಗ ಮೊದಲು ಕೇಳುವುದು, “ಅಲ್ಲಿ ಈಗ ಎಷ್ಟು ಗಂಟೆ ಆತು?” ಎಂದು. ಈ ಸರಳ ಪ್ರಶ್ನೆಯ ಹಿಂದೆ ಭೂಮಿಯ ತಿರುಗಾಟ ಇದೆ, ಚರಿತ್ರೆ ಇದೆ, ನಿದ್ದೆಗೆಟ್ಟ ಕಣ್ಣುಗಳೂ ಇವೆ. ಅದನ್ನು ಅರಿಯಲು ಮಲೆನಾಡಿನ ಈ ಮೂರು ಊರುಗಳ ಪ್ರವಾಸವೇ ಒಳ್ಳೆಯ ಪಾಠ.

ಸಾಗರದ ನಿಜವಾದ ಮಧ್ಯಾಹ್ನ

ಸಾಗರದ ಬಸ್‌ಸ್ಟ್ಯಾಂಡಿನಲ್ಲಿ ಮಧ್ಯಾಹ್ನ ಸರಿಯಾಗಿ ಹನ್ನೆರಡು ಗಂಟೆಗೆ ನಿಂತು ನೋಡಿದರೆ ಸೂರ್ಯ ಇನ್ನೂ ಪೂರ್ವಕ್ಕೇ ಇರುತ್ತಾನೆ. ಅವನು ಆಕಾಶದ ನಡುಗೆರೆಗೆ ಬರುವುದು ಸುಮಾರು ಹನ್ನೆರಡೂವರೆಗೆ. ಗಡಿಯಾರ ಕೆಟ್ಟಿಲ್ಲ, ಸೂರ್ಯನೂ ತಡಮಾಡಿಲ್ಲ. ಊರು ಇರುವ ಜಾಗವೇ ಹಾಗಿದೆ.

ಭೂಮಿ ತನ್ನ ಸುತ್ತ ಒಂದು ಸಲ, ಅಂದರೆ 360 ಡಿಗ್ರಿ ತಿರುಗಲು 24 ಗಂಟೆ ಬೇಕು. ಗಂಟೆಗೆ 15 ಡಿಗ್ರಿ, ಒಂದು ಡಿಗ್ರಿಗೆ 4 ನಿಮಿಷ. ಇಡೀ ಭಾರತದ ಗಡಿಯಾರ ಅನುಸರಿಸುವುದು ಪೂರ್ವ ರೇಖಾಂಶ 82½ ಡಿಗ್ರಿಯನ್ನು. ಆ ರೇಖೆ ಉತ್ತರ ಪ್ರದೇಶದ ಮಿರ್ಜಾಪುರದ ಹತ್ತಿರ ಹಾದುಹೋಗುತ್ತದೆ. ಸಾಗರ ಇರುವುದು 75 ಡಿಗ್ರಿಯ ಮೇಲೆ. ಕರಾರುವಾಕ್ಕಾಗಿ ಹೇಳಬೇಕೆಂದರೆ 75ನೇ ರೇಖೆ ಪೇಟೆಯಿಂದ ಮೂರ್ನಾಲ್ಕು ಕಿಲೋಮೀಟರ್ ಪಶ್ಚಿಮಕ್ಕೆ, ತೋಟ ಕಾಡುಗಳ ನಡುವೆ ಯಾರ ಕಣ್ಣಿಗೂ ಬೀಳದೆ ಸಾಗುತ್ತದೆ. ವ್ಯತ್ಯಾಸ ಏಳೂವರೆ ಡಿಗ್ರಿ. ಅದನ್ನು ನಾಲ್ಕರಿಂದ ಗುಣಿಸಿದರೆ 30 ನಿಮಿಷ. ಮಿರ್ಜಾಪುರದ ಸೂರ್ಯ ನಡುನೆತ್ತಿಯನ್ನು ದಾಟಿದ ಅರ್ಧ ಗಂಟೆಯ ನಂತರ ಸಾಗರದ ಸರದಿ. ಹೊಸನಗರದ ಲೆಕ್ಕವೂ ಹೆಚ್ಚುಕಡಿಮೆ ಇದೇ. ತೀರ್ಥಹಳ್ಳಿ ತುಸು ಪೂರ್ವಕ್ಕಿರುವುದರಿಂದ ಅಲ್ಲಿ 29 ನಿಮಿಷ.

75 ಎಂಬುದು ಹದಿನೈದರ ಐದು ಪಟ್ಟು. ಹಾಗಾಗಿ ಸಾಗರದ ಸೂರ್ಯ ಲಂಡನ್ನಿನ ಬಳಿಯ ಗ್ರೀನ್‌ವಿಚ್‌ಗಿಂತ ಸರಿಯಾಗಿ ಐದು ಗಂಟೆ ಮುಂದೆ. ಭಾರತದ ಗಡಿಯಾರವಾದರೋ ಐದೂವರೆ ಗಂಟೆ ಮುಂದೆ. ಮಾಲ್ಡೀವ್ಸ್ ದ್ವೀಪಗಳ ಗಡಿಯಾರ ಗ್ರೀನ್‌ವಿಚ್‌ಗಿಂತ ಐದು ಗಂಟೆ ಮುಂದಿದೆ. ಸಾಗರದ ತೋಟಗಳ ಮೇಲಿನ ಸೂರ್ಯ ನಡೆಯುವುದು ಮಾಲ್ಡೀವ್ಸಿನ ಗಡಿಯಾರದಂತೆ, ಶಾಲೆಯ ಗಂಟೆ ಹೊಡೆಯುವುದು ಮಿರ್ಜಾಪುರದ ಗಡಿಯಾರದಂತೆ!

ವಿದ್ಯಾರ್ಥಿಗಳು ಇದನ್ನು ಶಾಲೆಯ ಮೈದಾನದಲ್ಲೇ ಪರೀಕ್ಷಿಸಬಹುದು. ಸಮತಟ್ಟಾದ ನೆಲದಲ್ಲಿ ನೇರವಾದ ಕೋಲೊಂದನ್ನು ಊರಬೇಕು. ಹನ್ನೆರಡು ಗಂಟೆಯಿಂದ ಒಂದು ಗಂಟೆಯವರೆಗೆ ಐದೈದು ನಿಮಿಷಕ್ಕೊಮ್ಮೆ ನೆರಳಿನ ತುದಿಗೆ ಗುರುತು ಹಾಕುತ್ತ ಹೋಗಬೇಕು. ನೆರಳು ಅತಿ ಗಿಡ್ಡವಾದ ಕ್ಷಣವೇ ಆ ಊರಿನ ನಿಜವಾದ ಮಧ್ಯಾಹ್ನ. ಏಪ್ರಿಲ್ 15, ಜೂನ್ 13, ಸೆಪ್ಟೆಂಬರ್ 1, ಡಿಸೆಂಬರ್ 25ರ ಆಸುಪಾಸಿನಲ್ಲಿ ಮಾಡಿದರೆ ಸಾಗರದಲ್ಲಿ ಅದು ಹನ್ನೆರಡೂವರೆಗೆ ಬರುತ್ತದೆ. ಬೇರೆ ದಿನಗಳಲ್ಲಿ ಸ್ವಲ್ಪ ಹಿಂದೆ ಮುಂದೆ. ಫೆಬ್ರವರಿ ನಡುವಿನಲ್ಲಿ 12 ಗಂಟೆ 44 ನಿಮಿಷದವರೆಗೂ ಹೋಗುತ್ತದೆ, ನವೆಂಬರ್ ಮೊದಲ ವಾರದಲ್ಲಿ 12 ಗಂಟೆ 14 ನಿಮಿಷಕ್ಕೇ ಬಂದುಬಿಡುತ್ತದೆ. ಭೂಮಿಯ ಕಕ್ಷೆ ಪೂರ್ಣ ವೃತ್ತವಲ್ಲದಿರುವುದು ಮತ್ತು ಅದರ ಅಕ್ಷ ವಾಲಿರುವುದು ಇದಕ್ಕೆ ಕಾರಣ. ಏಪ್ರಿಲ್ ಕೊನೆಯ ವಾರದಲ್ಲಿ ಮಾಡಿದರೆ ಇನ್ನೊಂದು ಸೋಜಿಗವೂ ಕಾಣುತ್ತದೆ. ಸೂರ್ಯ ನೇರ ನೆತ್ತಿಗೆ ಬಂದು ಕೋಲಿನ ನೆರಳು ಅದರ ಬುಡದಲ್ಲೇ ಅಡಗಿಹೋಗುತ್ತದೆ.

ಘಳಿಗೆ ಬಟ್ಟಲಿನ ಕಾಲ

ಸಾಗರದಿಂದ ಕೆಲವೇ ಕಿಲೋಮೀಟರ್ ಉತ್ತರಕ್ಕೆ ಕೆಳದಿ. ದಕ್ಷಿಣಕ್ಕೆ ಅಘೋರೇಶ್ವರನ ಗುಡಿಯ ಇಕ್ಕೇರಿ. ಇನ್ನೂ ದಕ್ಷಿಣಕ್ಕೆ, ಹೊಸನಗರ ದಾಟಿದರೆ ಬಿದನೂರು, ಇಂದಿನ ನಗರ. ಕೆಳದಿ ಅರಸರು ಒಂದರ ನಂತರ ಒಂದರಂತೆ ಕಟ್ಟಿದ ಈ ಮೂರು ರಾಜಧಾನಿಗಳೂ ಭೂಪಟದಲ್ಲಿ ಒಂದೇ ಗೆರೆಯ ಮೇಲೆ ಪೋಣಿಸಿದಂತೆ 75ನೇ ರೇಖಾಂಶದ ಪಕ್ಕದಲ್ಲೇ ಇವೆ. ಅರಸರು ರೇಖಾಂಶ ನೋಡಿ ಊರು ಕಟ್ಟಿದವರಲ್ಲ. ಆದರೆ ರಾಜಧಾನಿ ಬದಲಾದರೂ ಮಧ್ಯಾಹ್ನ ಬದಲಾಗಲಿಲ್ಲ ಎಂಬುದು ನಿಜ.

ಆ ಕಾಲದಲ್ಲಿ ಹೊತ್ತು ಅಳೆಯುತ್ತಿದ್ದುದು ಘಳಿಗೆ ಬಟ್ಟಲಿನಿಂದ. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗಲು ಒಂದು ಘಳಿಗೆ, ಅಂದರೆ 24 ನಿಮಿಷ. ಒಂದು ಹಗಲು ರಾತ್ರಿಗೆ 60 ಘಳಿಗೆ. ಎಣಿಕೆ ಶುರುವಾಗುವುದು ಸೂರ್ಯೋದಯದಿಂದ. ಪ್ರತಿ ಊರಿಗೂ ಅದರದೇ ಸೂರ್ಯೋದಯ, ಹಾಗಾಗಿ ಪ್ರತಿ ಊರಿಗೂ ಅದರದೇ ಹೊತ್ತು.

ಹಾಗೆಂದು ಊರಿನಿಂದ ಊರಿಗೆ ಹೊತ್ತು ಬೇರೆ ಎಂಬುದು ಹಿಂದಿನವರಿಗೆ ತಿಳಿದಿರಲಿಲ್ಲ ಎಂದಲ್ಲ. ಪ್ರಾಚೀನ ಭಾರತದ ಜ್ಯೋತಿಷಿಗಳು ಉಜ್ಜಯಿನಿಯ ಮೂಲಕ ಹಾದುಹೋಗುವ ರೇಖೆಯನ್ನು ಸೊನ್ನೆ ಎಂದು ಇಟ್ಟುಕೊಂಡು, ಉಳಿದ ಊರುಗಳಿಗೆ ‘ದೇಶಾಂತರ’ದ ತಿದ್ದುಪಡಿ ಮಾಡುತ್ತಿದ್ದರು. ಗ್ರೀನ್‌ವಿಚ್ ಹುಟ್ಟುವುದಕ್ಕೆ ಎಷ್ಟೋ ಶತಮಾನ ಮೊದಲಿನ ಮಾತು ಇದು. ಉಜ್ಜಯಿನಿ ಇರುವುದು ಸುಮಾರು 75¾ ಡಿಗ್ರಿಯಲ್ಲಿ. ಸಾಗರಕ್ಕೂ ಅದಕ್ಕೂ ಮೂರೇ ನಿಮಿಷ ವ್ಯತ್ಯಾಸ. ಆ ಲೆಕ್ಕದಲ್ಲಿ ಮಲೆನಾಡಿನ ಈ ಸೀಮೆ ಪಂಚಾಂಗದ ಸೊನ್ನೆಗೆರೆಯ ನೆರೆಮನೆಯೇ ಸರಿ.

ಊರಿಗೊಂದು ಹೊತ್ತು ಇದ್ದರೆ ತೊಂದರೆ ಏನೂ ಇರಲಿಲ್ಲ, ರೈಲು ಬರುವವರೆಗೆ. ರೈಲಿಗೆ ವೇಳಾಪಟ್ಟಿ ಬೇಕು, ವೇಳಾಪಟ್ಟಿಗೆ ಎಲ್ಲರೂ ಒಪ್ಪುವ ಒಂದು ಗಡಿಯಾರ ಬೇಕು. ಬ್ರಿಟಿಷರ ಕಾಲದಲ್ಲಿ ಬೊಂಬಾಯಿಯ ಗಡಿಯಾರ ಗ್ರೀನ್‌ವಿಚ್‌ಗಿಂತ 4 ಗಂಟೆ 51 ನಿಮಿಷ, ಮದ್ರಾಸಿನದು 5 ಗಂಟೆ 21 ನಿಮಿಷ, ಕಲ್ಕತ್ತೆಯದು 5 ಗಂಟೆ 53 ನಿಮಿಷ ಮುಂದಿದ್ದವು. ರೈಲುಗಳು ಮದ್ರಾಸ್ ಸಮಯವನ್ನು ಪಾಲಿಸುತ್ತಿದ್ದವು. 1884ರಲ್ಲಿ ವಾಷಿಂಗ್ಟನ್ನಿನಲ್ಲಿ ಸೇರಿದ 25 ದೇಶಗಳ ಸಮ್ಮೇಳನ ಗ್ರೀನ್‌ವಿಚ್ ರೇಖೆಯನ್ನು ಸೊನ್ನೆ ಎಂದು ಆರಿಸಿತು. ಭಾರತಕ್ಕೆಲ್ಲ ಒಂದೇ ಸಮಯ ಜಾರಿಗೆ ಬಂದದ್ದು 1906ರ ಜನವರಿ 1ರಂದು. ಅದನ್ನು ಎಲ್ಲರೂ ಕೂಡಲೇ ಒಪ್ಪಲಿಲ್ಲ. ಕಲ್ಕತ್ತೆ 1948ರವರೆಗೆ, ಬೊಂಬಾಯಿ 1955ರವರೆಗೆ ತಮ್ಮದೇ ಹೊತ್ತನ್ನು ಬಿಡಲಿಲ್ಲ. ತಮ್ಮ ಊರಿನ ಸೂರ್ಯನನ್ನು ಬಿಟ್ಟುಕೊಡುವುದು ಯಾರಿಗೂ ಸುಲಭವಲ್ಲ. ಇಂದು ಭಾರತದ ಸಮಯವನ್ನು ಕಾಯುವುದು ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದ ಅಣುಗಡಿಯಾರಗಳು.

ಕಾಗದ, ಬೂತು, ಲಾಂಚ್

ಮಕ್ಕಳು ದೂರ ಹೋಗುವುದು ಮಲೆನಾಡಿಗೆ ಹೊಸತಲ್ಲ. ಆದರೆ ಕಾಗದದ ಕಾಲದಲ್ಲಿ ಗಂಟೆಯ ಪ್ರಶ್ನೆಯೇ ಇರಲಿಲ್ಲ. ನೀಲಿ ಬಣ್ಣದ ಏರೋಗ್ರಾಮ್ ವಾರಗಟ್ಟಲೆ ಪ್ರಯಾಣ ಮಾಡಿ ಬರುತ್ತಿತ್ತು. ಬರೆದವನು ಹಗಲಲ್ಲಿ ಬರೆದನೋ ರಾತ್ರಿಯಲ್ಲೋ ಓದುವವರಿಗೆ ಬೇಕಿರಲಿಲ್ಲ. ಇಬ್ಬರೂ ಒಂದೇ ಕ್ಷಣದಲ್ಲಿ ಮಾತನಾಡಬೇಕು ಎಂದಾಗಲೇ ಭೂಮಿ ಉರುಟಾಗಿದೆ ಎಂಬುದು ಮನೆಯವರ ಅನುಭವಕ್ಕೆ ಬರುವುದು.

ಆ ಅನುಭವ ಹೆಚ್ಚಿನವರಿಗೆ ಬಂದದ್ದು ಎಸ್‌ಟಿಡಿ ಬೂತುಗಳ ಕಾಲದಲ್ಲಿ. ಹಳ್ಳಿಗಳಿಗಾಗಿ ದೇಶದಲ್ಲೇ ತಯಾರಾದ ಸಿ-ಡಾಟ್ ಟೆಲಿಫೋನ್ ಎಕ್ಸ್‌ಚೇಂಜ್ ಮೊದಲು ಕೆಲಸ ಆರಂಭಿಸಿದ್ದು ಕರ್ನಾಟಕದ ಕಿತ್ತೂರಿನಲ್ಲಿ, 1986ರಲ್ಲಿ. ಮುಂದಿನ ಹತ್ತು ವರ್ಷಗಳಲ್ಲಿ ಪೇಟೆಪೇಟೆಯ ಮೂಲೆಯಲ್ಲಿ ಗಾಜಿನ ಬೂತುಗಳು ಎದ್ದವು. ರಾತ್ರಿ ತಡವಾದಷ್ಟೂ ದೂರದ ಕರೆಯ ದರ ಇಳಿಯುತ್ತಿತ್ತು. ಮಗಳ ದನಿ ಕೇಳಲು ತಂದೆ ತಾಯಿ ಹತ್ತು ಹನ್ನೊಂದು ಗಂಟೆಯವರೆಗೆ ಬೂತಿನ ಬೆಂಚಿನ ಮೇಲೆ ಕಾದು, ಮೀಟರಿನ ಕೆಂಪು ಅಂಕಿಗಳ ಮೇಲೆ ಕಣ್ಣಿಟ್ಟು, ಹೇಳಬೇಕಾದ ಮಾತನ್ನು ಬಿಟ್ಟು ಬೇರೆಲ್ಲ ಹೇಳಿ ಫೋನಿಡುತ್ತಿದ್ದರು. ಈಗ ಮಾತಿಗೆ ಕಾಸಿಲ್ಲ, ಮುಖವೂ ಕಾಣುತ್ತದೆ. ಆದರೆ ಹೊತ್ತಿನ ಅಂತರ ಮಾತ್ರ ಒಂದು ನಿಮಿಷವೂ ಕಡಿಮೆಯಾಗಿಲ್ಲ.

ಹೊತ್ತು ನೋಡಿ ಹೊರಡುವುದು ಎಂದರೆ ಏನೆಂದು ಸಾಗರ ತಾಲ್ಲೂಕಿನ ತುಮರಿ ಕಡೆಯವರಿಗೆ ಹೇಳಿಕೊಡಬೇಕಾಗಿಲ್ಲ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಎದ್ದು ಶರಾವತಿಯ ಹಿನ್ನೀರು ಹರಡಿದ ಮೇಲೆ ಅವರ ದಾರಿ ಲಾಂಚಿನ ಮೇಲೆ ನಿಂತಿತು. ಪೇಟೆಯ ಕೆಲಸ, ಆಸ್ಪತ್ರೆ, ಮದುವೆ, ಎಲ್ಲವೂ ಸಂಜೆಯ ಕೊನೆಯ ಲಾಂಚಿಗೆ ಹೊಂದಿಕೊಳ್ಳಬೇಕಿತ್ತು. ತಪ್ಪಿದರೆ ರಾತ್ರಿ ಈಚೆ ದಡದಲ್ಲೇ. ಅಂಬಾರಗೋಡ್ಲು ಮತ್ತು ಕಳಸವಳ್ಳಿಯ ನಡುವಿನ ಸೇತುವೆ 2025ರ ಜುಲೈಯಲ್ಲಿ ತೆರೆದ ಮೇಲೆ ಆ ಚಿಂತೆ ನೀಗಿತು. ಆದರೆ ದೇಶದೇಶಗಳ ನಡುವಿನ ಹೊತ್ತಿಗೆ ಇಂದಿಗೂ ಸೇತುವೆಯಿಲ್ಲ, ಲಾಂಚ್ ಮಾತ್ರ. ಅದರ ವೇಳೆ ತಿಳಿದುಕೊಂಡೇ ದಡಕ್ಕೆ ಹೋಗಬೇಕು.

ಹೊಸನಗರದ ಮಳೆಮಾಪಕ

ಸಾಗರದಿಂದ ಹೊಸನಗರಕ್ಕೆ ಹೋಗುವ ದಾರಿಯಲ್ಲಿ ಕಾಡು ದಟ್ಟವಾಗುತ್ತದೆ, ಮನೆಗಳು ವಿರಳವಾಗುತ್ತವೆ. ರಾಜ್ಯದಲ್ಲೇ ಅತಿ ಹೆಚ್ಚು ಮಳೆ ಸುರಿಯುವ ಜಾಗಗಳಲ್ಲಿ ಒಂದಾದ ಹುಲಿಕಲ್ ಇರುವುದು ಈ ತಾಲ್ಲೂಕಿನಲ್ಲೇ. ಮಳೆಗಾಲದಲ್ಲಿ ಪತ್ರಿಕೆ ತೆರೆದರೆ ‘ಬೆಳಿಗ್ಗೆ 8.30ಕ್ಕೆ ಕೊನೆಗೊಂಡ 24 ಗಂಟೆಗಳಲ್ಲಿ’ ಎಂದು ಮಳೆಯ ಅಂಕಿಗಳು ಬರುತ್ತವೆ. ಎಂಟು ಅಲ್ಲ, ಒಂಬತ್ತೂ ಅಲ್ಲ, ಎಂಟೂವರೆಯೇ ಏಕೆ?

ಗ್ರೀನ್‌ವಿಚ್ ರೇಖೆಯ ಸಮಯ ಆಗ ಸರಿಯಾಗಿ ಮುಂಜಾನೆ ಮೂರು ಗಂಟೆ ಎಂಬುದೇ ಕಾರಣ. ಹವಾಮಾನ ನೋಡುವವರು ಜಗತ್ತಿನಲ್ಲೆಲ್ಲ ಒಂದೇ ಗಡಿಯಾರಕ್ಕೆ ಒಪ್ಪಿಕೊಂಡಿದ್ದಾರೆ. ಅದನ್ನು ಇಂದು ಯುಟಿಸಿ ಎನ್ನುತ್ತಾರೆ. ಆ ಗಡಿಯಾರದಲ್ಲಿ ಮೂರು ಮೂರು ಗಂಟೆಗೊಮ್ಮೆ ಬೇರೆ ಬೇರೆ ದೇಶಗಳಲ್ಲಿ ಒತ್ತಡ, ಉಷ್ಣಾಂಶ, ಗಾಳಿಗಳನ್ನು ಒಂದೇ ಕ್ಷಣಕ್ಕೆ ಗುರುತು ಮಾಡಿಕೊಳ್ಳುತ್ತಾರೆ. ಒಂದು ಕಡೆ ಅದು ಬೆಳಕು ಹರಿದ ಹೊತ್ತು, ಇನ್ನೊಂದು ಕಡೆ ನಡುರಾತ್ರಿ. ಮಾತಿಲ್ಲದ, ಪರದೆಯಿಲ್ಲದ ಈ ಸಭೆ ಎಷ್ಟೋ ದಶಕಗಳಿಂದ ದಿನವೂ ತಪ್ಪದೆ ನಡೆಯುತ್ತಿದೆ. ಅದರ ಗುಟ್ಟು ಎರಡೇ. ಎಲ್ಲರೂ ಒಪ್ಪಿದ ಒಂದು ಗಡಿಯಾರ, ಮತ್ತು ಆ ಗಡಿಯಾರ ಬೇಸಿಗೆಗೂ ಚಳಿಗೂ ಬದಲಾಗುವುದಿಲ್ಲ ಎಂಬ ನಿಯಮ.

ಮನೆಯಿಂದ ಕೆಲಸ ಮಾಡುವವರ ಸಭೆಗಳಿಗೆ ಈ ಭಾಗ್ಯವಿಲ್ಲ. 2020ರ ಮಾರ್ಚಿನಲ್ಲಿ ಲಾಕ್‌ಡೌನ್ ಆದಾಗ ಬೆಂಗಳೂರಿನಿಂದ ಕಂಪ್ಯೂಟರ್ ಹೊತ್ತು ತಂದವರು ಮಲೆನಾಡಿನ ತುಂಬ ಕಂಡರು. ಸಿಗ್ನಲ್ ಸಿಗುವ ಗುಡ್ಡದ ನೆತ್ತಿ ಹುಡುಕಿ, ಅಲ್ಲಿ ತಾಡಪಾಲಿನ ಗುಡಿಸಲು ಕಟ್ಟಿಕೊಂಡು ಕೆಲಸ ಮಾಡಿದವರುಂಟು. ಶಾಲೆಯ ಮಕ್ಕಳೂ ಪಾಠ ಕೇಳಲು ಕೊಡೆ ಹಿಡಿದು ಅದೇ ಗುಡ್ಡ ಹತ್ತಿದರು. ಹಗಲಿನ ಪಾಠಕ್ಕೆ ಗುಡ್ಡ ಹತ್ತಬಹುದು. ಅಮೆರಿಕದ ಮೀಟಿಂಗಿಗೆ ಹತ್ತಬೇಕಾದ್ದು ರಾತ್ರಿ. ಅದು ಕಾಡುಕೋಣ, ಕಾಳಿಂಗಸರ್ಪಗಳಿರುವ ಕಾಡು.

ಲೆಕ್ಕ ತಪ್ಪುವ ಜಾಗಗಳು

ಹೊತ್ತಿನ ಅಂತರವನ್ನು ಒಮ್ಮೆ ಕಲಿತು ಬಾಯಿಪಾಠ ಮಾಡಿದರೆ ಸಾಲದು. ಭಾರತದ ಗಡಿಯಾರ ವರ್ಷವಿಡೀ ಒಂದೇ. ಎರಡನೇ ಮಹಾಯುದ್ಧದ ಕಾಲದಲ್ಲಿ, 1942ರಿಂದ 1945ರವರೆಗೆ, ಇಲ್ಲಿಯೂ ಗಡಿಯಾರವನ್ನು ಒಂದು ಗಂಟೆ ಮುಂದಿಟ್ಟಿದ್ದರು. ಯುದ್ಧ ಮುಗಿದ ಮೇಲೆ ಅದನ್ನು ಬಿಟ್ಟರು. ಅಮೆರಿಕದ ಬಹುಪಾಲು ರಾಜ್ಯಗಳು ಮಾರ್ಚಿನ ಎರಡನೇ ಭಾನುವಾರ ಗಡಿಯಾರವನ್ನು ಒಂದು ಗಂಟೆ ಮುಂದಕ್ಕೆ ತಿರುಗಿಸಿ, ನವೆಂಬರಿನ ಮೊದಲ ಭಾನುವಾರ ಹಿಂದಕ್ಕೆ ತರುತ್ತವೆ. ಬ್ರಿಟನ್ನಿನಲ್ಲಿ ಅದು ಮಾರ್ಚಿನ ಕೊನೆಯ ಭಾನುವಾರದಿಂದ ಅಕ್ಟೋಬರಿನ ಕೊನೆಯ ಭಾನುವಾರದವರೆಗೆ.

ಇದರಿಂದ ನ್ಯೂಯಾರ್ಕಿಗೂ ಸಾಗರಕ್ಕೂ ಚಳಿಗಾಲದಲ್ಲಿ ಹತ್ತೂವರೆ ಗಂಟೆ, ಬೇಸಿಗೆಯಲ್ಲಿ ಒಂಬತ್ತೂವರೆ ಗಂಟೆ ಅಂತರ. ಕ್ಯಾಲಿಫೋರ್ನಿಯಾಕ್ಕೆ ಹದಿಮೂರೂವರೆ ಮತ್ತು ಹನ್ನೆರಡೂವರೆ. ಲಂಡನ್ನಿಗೆ ಐದೂವರೆ ಮತ್ತು ನಾಲ್ಕೂವರೆ. ಸಿಂಗಪುರ ವರ್ಷವಿಡೀ ಎರಡೂವರೆ ಗಂಟೆ ಮುಂದೆ, ದುಬೈ ಒಂದೂವರೆ ಗಂಟೆ ಹಿಂದೆ. ನವೆಂಬರ್ ಬಂತೆಂದರೆ ಕ್ಯಾಲಿಫೋರ್ನಿಯಾದ ಒಂಬತ್ತು ಗಂಟೆಯ ಮೀಟಿಂಗ್ ಇಲ್ಲಿ ಒಂಬತ್ತೂವರೆಯಿಂದ ಹತ್ತೂವರೆಗೆ ಜರುಗುತ್ತದೆ. ಅಡಿಕೆ ಕೊಯ್ಲು ಬಿರುಸಾಗುವುದೂ ಆಗಲೇ. ಬೆಳಿಗ್ಗೆ ಬೇಗ ಎದ್ದು ತೋಟಕ್ಕಿಳಿಯಬೇಕಾದ ತಿಂಗಳಲ್ಲೇ ರಾತ್ರಿಯ ಕೆಲಸ ಒಂದು ಗಂಟೆ ಉದ್ದವಾಗುತ್ತದೆ.

ವಿದ್ಯಾರ್ಥಿಗಳಿಗೂ ಇದು ತಟ್ಟುತ್ತದೆ. ಹೊರದೇಶದ ವಿಶ್ವವಿದ್ಯಾಲಯಕ್ಕೆ ಅರ್ಜಿ ಹಾಕಿದ ಹುಡುಗಿಯೊಬ್ಬಳಿಗೆ ಮಾರ್ಚ್ ಕೊನೆಯಲ್ಲಿ ಸಂದರ್ಶನ ಇದೆ ಎಂದುಕೊಳ್ಳಿ. ಪತ್ರದಲ್ಲಿ ‘ನ್ಯೂಯಾರ್ಕ್ ಸಮಯ ಬೆಳಿಗ್ಗೆ 9’ ಎಂದಿದೆ. ಅವಳು ಫೆಬ್ರವರಿಯಲ್ಲಿ ಕೇಳಿದ್ದ ಹತ್ತೂವರೆ ಗಂಟೆಯ ಲೆಕ್ಕ ಹಿಡಿದು ಸಂಜೆ ಏಳೂವರೆಗೆ ಕಾಯುತ್ತಾಳೆ. ಅಷ್ಟರಲ್ಲಿ ಅಲ್ಲಿಯ ಗಡಿಯಾರ ಬದಲಾಗಿರುತ್ತದೆ. ಸಂದರ್ಶನದ ವೇಳೆ ಇಲ್ಲಿಯ ಆರೂವರೆ. ವರ್ಷವಿಡೀ ಓದಿದ್ದು ಒಂದು ಗಂಟೆಯ ಲೆಕ್ಕದಲ್ಲಿ ಹೋಗಬಹುದು.

ಇನ್ನೊಂದು ತೊಡಕು ವಾರದ್ದು. ಊರಿನಲ್ಲಿ ಸೋಮವಾರ ಬೆಳಿಗ್ಗೆ ಆರೂವರೆ ಎಂದರೆ ಚಳಿಗಾಲದ ಕ್ಯಾಲಿಫೋರ್ನಿಯಾದಲ್ಲಿ ಇನ್ನೂ ಭಾನುವಾರ ಸಂಜೆ ಐದು. ‘ಭಾನುವಾರ ರಾತ್ರಿ ಹನ್ನೆರಡು’ ಎಂದು ಬರೆದರಂತೂ ಶನಿವಾರ ಕಳೆದ ಮೇಲಿನದೋ, ಭಾನುವಾರ ಕಳೆದ ಮೇಲಿನದೋ ಎಂದು ಬರೆದವನೇ ಬಂದು ಹೇಳಬೇಕು.

ತಪ್ಪದಂತೆ ನೋಡಿಕೊಳ್ಳಲು ಮೂರು ರೂಢಿಗಳು ಸಾಕು. ಎರಡೂ ಊರಿನ ವಾರ, ತಾರೀಕು, ಗಂಟೆಗಳನ್ನು ಜೊತೆಯಾಗಿ ಬರೆಯುವುದು ಮೊದಲನೆಯದು. ಅದರ ಪಕ್ಕದಲ್ಲಿ ಯುಟಿಸಿ ಸಮಯವನ್ನೂ ಹಾಕುವುದು ಎರಡನೆಯದು. ಯುಟಿಸಿಗೆ ಐದೂವರೆ ಗಂಟೆ ಕೂಡಿಸಿದರೆ ಭಾರತದ ಸಮಯ, ಇದು ಯಾವ ತಿಂಗಳಲ್ಲೂ ಬದಲಾಗದು. ಮಾರ್ಚ್, ಅಕ್ಟೋಬರ್, ನವೆಂಬರ್ ತಿಂಗಳುಗಳಲ್ಲಿ ಇನ್ನೊಮ್ಮೆ ಕೇಳಿ ಖಚಿತ ಮಾಡಿಕೊಳ್ಳುವುದು ಮೂರನೆಯದು.

ತೀರ್ಥಹಳ್ಳಿಯ ಅಮಾವಾಸ್ಯೆ

ಹೊಸನಗರದಿಂದ ನಗರದ ಕೋಟೆಯನ್ನು ನೋಡಿಕೊಂಡು ದಕ್ಷಿಣಕ್ಕೆ ಇಳಿದರೆ ತುಂಗೆಯ ದಡದ ತೀರ್ಥಹಳ್ಳಿ. ಈ ತಾಲ್ಲೂಕಿನ ಕುಪ್ಪಳಿಯ ಮನೆಯಲ್ಲಿ ಬೆಳೆದ ಕುವೆಂಪು ಹುಟ್ಟಿದ್ದು 1904ರ ಡಿಸೆಂಬರ್ 29ರಂದು. ಭಾರತಕ್ಕೆ ಒಂದೇ ಸಮಯ ಎಂಬುದು ಆಗಿನ್ನೂ ಬಂದಿರಲಿಲ್ಲ. ಹಕ್ಕಿಯ ಕೂಗು, ಬಿಸಿಲಿನ ಕೋಲು ನೋಡಿ ಹೊತ್ತು ಹೇಳುತ್ತಿದ್ದ ಕಾಲ ಅದು.

ತೀರ್ಥಹಳ್ಳಿಯಲ್ಲಿ ಎಳ್ಳಮಾವಾಸ್ಯೆಯ ಜಾತ್ರೆ ಪ್ರಸಿದ್ಧ. ಚುಮುಚುಮು ಚಳಿಯಲ್ಲಿ ಜನ ತುಂಗೆಯಲ್ಲಿ ಮೀಯುತ್ತಾರೆ. ಅಂದು ಹೊರದೇಶದಲ್ಲಿರುವ ಮಗ ಅಲ್ಲಿಯೇ ಎರಡು ಚೊಂಬು ನೀರು ಹೊಯ್ದುಕೊಂಡು ಅಮಾವಾಸ್ಯೆ ಆಚರಿಸಬೇಕೆಂದರೆ ಯಾವ ದಿನ ಆಚರಿಸಬೇಕು? ಇದು ತಮಾಷೆಯ ಪ್ರಶ್ನೆಯಲ್ಲ, ಹಲವು ಮನೆಗಳಲ್ಲಿ ಪ್ರತಿ ಹಬ್ಬಕ್ಕೂ ಬರುವ ಪ್ರಶ್ನೆ.

ತಿಥಿ ಎಂಬುದು ಸೂರ್ಯ ಚಂದ್ರರ ನಡುವಿನ ಕೋನದಿಂದ ಆಗುವಂಥದು. ಅದು ಶುರುವಾಗುವ ಕ್ಷಣ, ಮುಗಿಯುವ ಕ್ಷಣ ಇಡೀ ಭೂಮಿಗೆ ಒಂದೇ. ಆದರೆ ಸೂರ್ಯೋದಯದ ಹೊತ್ತಿಗೆ ಯಾವ ತಿಥಿ ಇದೆಯೋ ಅದನ್ನೇ ಆ ದಿನದ ತಿಥಿ ಎನ್ನುವುದು ಪಂಚಾಂಗದ ಸಾಮಾನ್ಯ ರೂಢಿ. ಸೂರ್ಯೋದಯ ಮಾತ್ರ ಊರಿಗೊಂದು. ಒಂದು ಉದಾಹರಣೆ ನೋಡಬಹುದು. ಅಮಾವಾಸ್ಯೆ ಇಲ್ಲಿಯ ಸೋಮವಾರ ಬೆಳಿಗ್ಗೆ 9ಕ್ಕೆ ಶುರುವಾಗಿ ಮಂಗಳವಾರ ಬೆಳಿಗ್ಗೆ 7.40ಕ್ಕೆ ಮುಗಿಯುತ್ತದೆ ಎಂದಿಟ್ಟುಕೊಂಡರೆ, ಸೋಮವಾರದ ಸೂರ್ಯೋದಯದಲ್ಲಿ ಅದು ಇಲ್ಲ, ಮಂಗಳವಾರದ ಸೂರ್ಯೋದಯದಲ್ಲಿ ಇದೆ. ಹಾಗಾಗಿ ತೀರ್ಥಹಳ್ಳಿಗೆ ಮಂಗಳವಾರ ಅಮಾವಾಸ್ಯೆ. ಕ್ಯಾಲಿಫೋರ್ನಿಯಾದ ಗಡಿಯಾರದಲ್ಲಿ ಅದೇ ತಿಥಿ ಭಾನುವಾರ ಸಂಜೆ 7.30ಕ್ಕೆ ಶುರುವಾಗಿ ಸೋಮವಾರ ಸಂಜೆ 6.10ಕ್ಕೆ ಮುಗಿಯುತ್ತದೆ. ಅಲ್ಲಿಯ ಸೋಮವಾರದ ಸೂರ್ಯೋದಯದಲ್ಲಿ ಅಮಾವಾಸ್ಯೆ ಇದೆ. ಅಲ್ಲಿಗೆ ಸೋಮವಾರ. ಒಂದೇ ಅಮಾವಾಸ್ಯೆ, ಎರಡು ದಿನ, ಎರಡೂ ಸರಿ. ಊರಿನ ಪಂಚಾಂಗವನ್ನು ಅಲ್ಲಿಗೆ ಕಳಿಸಿದರೆ ಸಾಲದು. ಅಲ್ಲಿಯ ಸೂರ್ಯೋದಯಕ್ಕೆ ಗಣಿಸಿದ ಪಂಚಾಂಗವೇ ಬೇಕು.

ಹಿರಿಯರಿಗೆ ಇದನ್ನು ಒಪ್ಪಿಸುವುದು ಕಷ್ಟ ಎನ್ನುತ್ತಾರೆ. ವಾಸ್ತವವಾಗಿ ಇದು ಅವರಿಗೇ ಬೇಗ ಅರ್ಥವಾಗಬೇಕಾದ ಮಾತು. ದಿನ ಎಂಬುದು ಗಡಿಯಾರದ್ದಲ್ಲ, ತಾನು ನಿಂತ ನೆಲದ ಸೂರ್ಯನದು ಎಂದು ಪಂಚಾಂಗ ಮೊದಲಿನಿಂದ ಹೇಳುತ್ತಲೇ ಬಂದಿದೆ.

ಯಾರ ನಿದ್ದೆ?

ಮನುಷ್ಯನ ಮೈಯೂ ಪಂಚಾಂಗದ ಪಕ್ಷವೇ. ಮೈಯೊಳಗೆ ಸುಮಾರು 24 ಗಂಟೆಯ ಒಂದು ಗಡಿಯಾರವಿದೆ. ಅದು ನಡೆಯುವ ಬಗೆಯನ್ನು ಕಂಡುಹಿಡಿದ ಜೆಫ್ರಿ ಹಾಲ್, ಮೈಕೆಲ್ ರಾಸ್‌ಬ್ಯಾಶ್ ಮತ್ತು ಮೈಕೆಲ್ ಯಂಗ್ ಅವರಿಗೆ 2017ರ ನೊಬೆಲ್ ಪ್ರಶಸ್ತಿ ಬಂತು. ಆ ಗಡಿಯಾರವನ್ನು ದಿನದಿನವೂ ಸರಿಪಡಿಸುವುದು ಕಣ್ಣಿಗೆ ಬೀಳುವ ಬೆಳಕು. ಸಾಗರದ ಮನೆಯಲ್ಲಿ ಕುಳಿತು ಕ್ಯಾಲಿಫೋರ್ನಿಯಾದ ಕೆಲಸ ಮಾಡುವವನ ಸಂಬಳ ಅಲ್ಲಿಯ ಗಡಿಯಾರದಂತೆ ಬರುತ್ತದೆ. ಹಸಿವು, ನಿದ್ದೆಗಳು ಮಾತ್ರ ಸಾಗರದ ಸೂರ್ಯನಂತೆಯೇ ಬರುತ್ತವೆ.

ರಾತ್ರಿಯಿಡೀ ಎಚ್ಚರವಿರುವುದು ಮಲೆನಾಡಿಗೆ ಹೊಸತೇನಲ್ಲ. ಬೆಳಗಿನವರೆಗೆ ಯಕ್ಷಗಾನ ನೋಡಿದ ನಾಡು ಇದು. ಆದರೆ ಆಟದ ಮಾರನೆಯ ದಿನ ಊರಿಗೆ ಊರೇ ಮಲಗುತ್ತಿತ್ತು. ಇಂದು ಯಕ್ಷಗಾನವೂ ಹಲವೆಡೆ ಕಾಲಮಿತಿಗೆ ಬಂದಿದೆ. ಮೀಟಿಂಗುಗಳಿಗೆ ಕಾಲಮಿತಿ ಬಂದಿಲ್ಲ. ಜಗಲಿಯ ಮೇಲೆ ಅಡಿಕೆ ಸುಲಿಯುವವರಿಗೂ ಒಳಗೆ ಕೂತವನಿಗೂ ಇರುವ ವ್ಯತ್ಯಾಸ ಇದೇ. ಸುಲಿಯುವವರ ಹಂಗಾಮು ಒಂದೆರಡು ತಿಂಗಳಿಗೆ ಮುಗಿಯುತ್ತದೆ. ನಾಲ್ಕು ಮಂದಿ ಜೊತೆಗಿರುತ್ತಾರೆ, ಮಾತಿರುತ್ತದೆ. ಅವನ ಹಂಗಾಮು ವರ್ಷವಿಡೀ, ಒಬ್ಬನೇ.

ಸಾಗರ, ಲಂಡನ್, ಸಿಡ್ನಿ, ಕ್ಯಾಲಿಫೋರ್ನಿಯಾ ಈ ನಾಲ್ಕೂ ಕಡೆಯವರು ಡಿಸೆಂಬರಿನಲ್ಲಿ ಒಟ್ಟಿಗೆ ಕೂರಬೇಕು ಎಂದರೆ ಏನಾಗುತ್ತದೆ? ಕ್ಯಾಲಿಫೋರ್ನಿಯಾದ ಬೆಳಿಗ್ಗೆ 8 ಎಂದರೆ ಲಂಡನ್ನಿಗೆ ಸಂಜೆ 4, ಸಾಗರಕ್ಕೆ ರಾತ್ರಿ 9.30, ಸಿಡ್ನಿಗೆ ಮರುದಿನ ಮುಂಜಾನೆ 3. ಹೇಗೆ ತಿರುಗಿಸಿದರೂ ಯಾರೋ ಒಬ್ಬರು ಕತ್ತಲಲ್ಲಿ ಕೂರಲೇಬೇಕು. ಗಣಿತದಿಂದ ಇದಕ್ಕೆ ಪರಿಹಾರವಿಲ್ಲ. ಒಂದು ವಾರ ಒಬ್ಬರು, ಮುಂದಿನ ವಾರ ಇನ್ನೊಬ್ಬರು ನಿದ್ದೆಗೆಡುವ ಹಾಗೆ ಸರದಿ ಹಾಕಿಕೊಳ್ಳುವುದೊಂದೇ ನ್ಯಾಯ. ಎಲ್ಲರೂ ಒಂದೇ ಹೊತ್ತಿಗೆ ಸೇರಲೇಬೇಕೇ, ಕಾಗದದ ಕಾಲದಂತೆ ಬರೆದಿಟ್ಟರೆ ಸಾಲದೇ ಎಂದು ಮೊದಲು ಕೇಳಿಕೊಳ್ಳುವುದು ಇನ್ನೂ ಒಳ್ಳೆಯದು.

ಮನೆಯೊಳಗಿನ ಮಾತುಕತೆಗೂ ಈ ನ್ಯಾಯವೇ ಸಲ್ಲಬೇಕು. ಮಗಳಿಗೆ ರಜೆಯ ದಿನ ಬೆಳಗಿನ ಬಿಡುವು ಸಿಗುತ್ತದೆಂದು ಎಪ್ಪತ್ತು ದಾಟಿದ ತಂದೆ ಪ್ರತಿ ವಾರ ಹನ್ನೊಂದರವರೆಗೆ ತೂಕಡಿಸುತ್ತ ಕೂರುವುದುಂಟು. ಅವರು ಹೇಳುವುದಿಲ್ಲ, ಮಗಳು ಕೇಳುವುದಿಲ್ಲ. “ಅಪ್ಪಯ್ಯ, ನಿಮಗೆ ಯಾವ ಹೊತ್ತು ಅನುಕೂಲ?” ಎಂಬ ಒಂದು ಮಾತು ಸಾಕು. ಅಲ್ಲಿಯ ಸಂಜೆಗೆ ಕರೆ ಮಾಡಿದರೆ ಇಲ್ಲಿ ಬೆಳಗಾಗಿರುತ್ತದೆ. ಸ್ನಾನ ಮುಗಿಸಿ, ದೇವರ ಮುಂದೆ ದೀಪ ಹಚ್ಚಿ, ಹೊಸ ಮುಖದಲ್ಲಿ ಅವರು ಮಾತಿಗೆ ಸಿಗುತ್ತಾರೆ.

ಆಗುಂಬೆಯ ಸಂಜೆ

ತೀರ್ಥಹಳ್ಳಿ ತಾಲ್ಲೂಕಿನ ಅಂಚಿನಲ್ಲಿ ಆಗುಂಬೆ. ಡಿಸೆಂಬರಿನ ತಿಳಿಯಾಕಾಶದ ಸಂಜೆ ಘಾಟಿಯ ತುದಿಯಲ್ಲಿ ನಿಂತರೆ ಪಶ್ಚಿಮದ ಕಣಿವೆಗಳಾಚೆ ಸೂರ್ಯ ಇಳಿಯುವುದು ಆರು ಗಂಟೆ ದಾಟಿದ ಮೇಲೆ. ಅರುಣಾಚಲದ ಪೂರ್ವದ ತುದಿ ಸುಮಾರು 97 ಡಿಗ್ರಿಯಲ್ಲಿದೆ. ಸೂರ್ಯನ ಲೆಕ್ಕದಲ್ಲಿ ಅದು ಆಗುಂಬೆಗಿಂತ ಸುಮಾರು ಒಂದೂವರೆ ಗಂಟೆ ಮುಂದೆ. ಇಲ್ಲಿ ಜನ ಸೂರ್ಯಾಸ್ತಕ್ಕೆ ಕಾಯುತ್ತಿರುವಾಗ ಅಲ್ಲಿ ಆಗಲೇ ಕತ್ತಲು ಕವಿದಿರುತ್ತದೆ. ಆದರೂ ಎರಡೂ ಕಡೆಯ ಕೈಗಡಿಯಾರ ತೋರಿಸುವುದು ಒಂದೇ ಗಂಟೆ. ಒಂದು ದೇಶವಾಗಿ ಬಾಳಲು ಜನ ತಮ್ಮ ತಮ್ಮ ಸೂರ್ಯನನ್ನು ಸ್ವಲ್ಪ ಸ್ವಲ್ಪ ಬಿಟ್ಟುಕೊಟ್ಟ ಒಪ್ಪಂದ ಅದು.

ಕೆಂಪು ಬಿಂಬ ಕೆಳಗಿಳಿದು ಕಣ್ಮರೆಯಾಗುತ್ತಿದ್ದಂತೆ ನೆರೆದವರು ಚಪ್ಪಾಳೆ ತಟ್ಟುತ್ತಾರೆ, ಫೋಟೋ ತೆಗೆಯುತ್ತಾರೆ, ಬಸ್ಸಿನತ್ತ ನಡೆಯುತ್ತಾರೆ. ಡಿಸೆಂಬರಿನ ಕೊನೆಯ ದಿನಗಳಲ್ಲಿ ಈ ಸೂರ್ಯ ಇಲ್ಲಿ ಮುಳುಗುವ ಹೊತ್ತಿಗೆ ನ್ಯೂಯಾರ್ಕಿನಲ್ಲಿ ಅವನು ಹುಟ್ಟಿ ಇನ್ನೂ ಅರ್ಧ ಗಂಟೆಯೂ ಆಗಿರುವುದಿಲ್ಲ. ಅಲ್ಲಿ ಯಾರೋ ಕಿಟಕಿಯ ಪರದೆ ಸರಿಸಿ ಆಗಷ್ಟೇ ಎದ್ದಿರುತ್ತಾರೆ.

ಗುಂಪಿನ ಹಿಂದೆ ಉಳಿದ ದಂಪತಿ ಫೋನು ಕೈಯಲ್ಲಿ ಹಿಡಿದು ನಿಂತಿದ್ದಾರೆ. “ಈಗ ಮಾಡಿದರೆ ಎದ್ದಿರುತ್ತಾನೋ ಇಲ್ಲವೋ,” ಎನ್ನುತ್ತಾಳೆ ಆಕೆ. ಆತ ಬೆರಳಲ್ಲಿ ಎಣಿಸಿ ಲೆಕ್ಕ ಹಾಕುತ್ತಾನೆ. “ಎದ್ದಿರುತ್ತಾನೆ. ಆದರೆ ಕಾಫಿ ಕುಡಿಯಲಿ. ಒಂದು ಘಳಿಗೆ ಬಿಟ್ಟು ಮಾಡಿದರಾಯಿತು.”